ತಿರುಗಿ ಬೈಯದ ಓರಗಿತ್ತಿ

ಆ ಬೀದಿಯಲ್ಲಿ ಅವಳನ್ನು ಎಲ್ಲರೂ ಗಂಜಿ ದೊಡ್ಡಮ್ಮ ಎನ್ನುತ್ತಿದ್ದರು. ಅವಳು ಗಂಜಿ ಹಾಕಿದ ಬಟ್ಟೆ ಎಷ್ಟು ಖಡಕ್ಕಾಗಿ ನಿಲ್ಲುತ್ತಿತ್ತೋ ಅವಳ ಕತ್ತೂ ಅಷ್ಟೇ ಖಡಕ್ಕಾಗಿ ನಿಲ್ಲುತ್ತಿತ್ತು. ಅದು ಬಗ್ಗಿದ್ದನ್ನು ಕಂಡವರಿಲ್ಲ. ಮಾರುಕಟ್ಟೆಯ ಹಿಂದಿನ ಓಣಿಯಲ್ಲಿ ಅವಳ ಲಾಂಡ್ರಿ. ಮುಂದೆ ಬಟ್ಟೆ ಕೊಟ್ಟು ತೆಗೆದುಕೊಳ್ಳುವ ಕೌಂಟರು, ನಡುವೆ ಉದ್ದನೆಯ ಇಸ್ತ್ರಿ ಮೇಜು, ಹಿಂದೆ ಬಾಯ್ಲರು, ಅದರ ಪಕ್ಕದಲ್ಲಿ ಎರಡು ದೈತ್ಯ ವಾಷಿಂಗ್ ಮಷೀನುಗಳು. ಗೋಡೆಗಳು ವರ್ಷವಿಡೀ ಹಬೆಗೆ ಬೆವರುತ್ತಿದ್ದವು. ಆಸ್ಪತ್ರೆಯ ಚಾದರ, ಲಾಡ್ಜಿನ ಚಾದರ, ದಿಂಬಿನ ಚೀಲ, ಡಾಕ್ಟರುಗಳ ಬಿಳಿ ಕೋಟು ಎಲ್ಲವೂ ಅಲ್ಲಿಗೆ ಕೊಳೆಯಾಗಿ ಬಂದು ಮಡಿಸಿಕೊಂಡು ಹೋಗುತ್ತಿದ್ದವು.

ಆ ಮನೆಗೆ ಹಿರಿಸೊಸೆಯಾಗಿ ಬಂದಾಗ ಅವಳಿಗೆ ಇಪ್ಪತ್ತು ತುಂಬಿರಲಿಲ್ಲ. ಆಮೇಲೆ ಗಂಡನ ತಮ್ಮನಿಗೆ ಮದುವೆಯಾಗಿ ಓರಗಿತ್ತಿ ಬಂದಳು. ಅವಳನ್ನು ಮನೆಯಲ್ಲಿ ಚಿಕ್ಕವಳು ಎಂದು ಕರೆದರು. ಕೂದಲು ನರೆತ ಮೇಲೂ ಅವಳು ಚಿಕ್ಕವಳಾಗಿಯೇ ಉಳಿದಳು. ಅಣ್ಣತಮ್ಮಂದಿರು ಒಬ್ಬರ ಹಿಂದೆ ಒಬ್ಬರು ಕಣ್ಮುಚ್ಚಿದಾಗ ಲಾಂಡ್ರಿ ಮುಚ್ಚಿಹೋಗುತ್ತದೆ ಎಂದು ಬೀದಿಯವರು ಲೆಕ್ಕ ಹಾಕಿದ್ದರು. ಇಬ್ಬರು ಹೆಂಗಸರೂ ಮಾರನೆಯ ವಾರವೇ ಬಾಗಿಲು ತೆಗೆದರು. ಅತ್ತ ಕಣ್ಣು ಒಣಗಿರಲಿಲ್ಲ, ಇತ್ತ ಚಾದರ ಒಣಗಬೇಕಿತ್ತು.

ಚಾದರದ ಕೆಲಸ ಒಬ್ಬರಿಂದ ಆಗುವಂಥದ್ದಲ್ಲ. ಮಷೀನಿನಿಂದ ಬಂದ ಚಾದರವನ್ನು ಸ್ವಲ್ಪ ತೇವ ಇರುವಾಗಲೇ ಇಬ್ಬರು ಎದುರುಬದುರು ನಿಂತು, ಎರಡೆರಡು ಮೂಲೆ ಮುಷ್ಟಿಯಲ್ಲಿ ಹಿಡಿದು, ಮೈಭಾರವನ್ನೆಲ್ಲ ಹಿಂದಕ್ಕೆ ಹಾಕಿ ಎಳೆಯಬೇಕು. ಆಗ ಎಳೆಗಳು ನೆಟ್ಟಗಾಗುತ್ತವೆ. ಆಮೇಲೆ ಒಬ್ಬಳು ನಿಂತಲ್ಲೇ ನಿಂತು, ಇನ್ನೊಬ್ಬಳು ತನ್ನ ಮೂಲೆಗಳನ್ನು ತಂದು ಅವಳ ಕೈಗೆ ಸೇರಿಸಬೇಕು. ಯಾರು ನಿಲ್ಲಬೇಕು, ಯಾರು ನಡೆಯಬೇಕು? ಅದಕ್ಕೆ ಆ ಲಾಂಡ್ರಿಯಲ್ಲಿ ಒಂದು ಕಟ್ಟಳೆ ಬೆಳೆದುಬಂದಿತ್ತು. ಹಿಂದಿನ ದಿನದ ಜಗಳದಲ್ಲಿ ಸೋತವಳು ನಡೆಯಬೇಕು. ಜಗಳವಿಲ್ಲದ ದಿನ ಇರುತ್ತಿರಲಿಲ್ಲವಾದ್ದರಿಂದ ಗೊಂದಲಕ್ಕೂ ಎಡೆಯಿರಲಿಲ್ಲ.

"ಏನೇ, ಇವತ್ತು ಕಾಲು ನನ್ನ ಕಡೆ ಬರ್ತಾ ಇದೆ?" ಎಂದು ದೊಡ್ಡಮ್ಮ ಕೆಣಕುವಳು.

"ಬರ್ತೀನಿ ಬಿಡಕ್ಕ. ನಿನ್ನೆ ನೀನು ಗೆದ್ದಿದ್ದು ಗಂಟಲಿನಿಂದ, ನ್ಯಾಯದಿಂದಲ್ಲ" ಎಂದು ಚಿಕ್ಕವಳು ಮೂಲೆ ತಂದು ಕೈಗೆ ತುರುಕುವಳು.

ಇನ್ನೊಂದು ಕಟ್ಟಳೆಯನ್ನು ಯಾರೂ ಬಾಯಿಬಿಟ್ಟು ಹೇಳಿರಲಿಲ್ಲ. ಎಷ್ಟೇ ಕೋಪ ಬರಲಿ, ಎಳೆಯುವಾಗ ತುದಿ ಬಿಡಬಾರದು. ಎದುರಿಗಿದ್ದವಳ ಮೈಭಾರ ನಿಮ್ಮ ಮುಷ್ಟಿಯಲ್ಲಿರುತ್ತದೆ.

ಆ ಕಟ್ಟಳೆಯನ್ನು ಮುರಿದವಳು ದೊಡ್ಡಮ್ಮ.

ಅವತ್ತು ಮಧ್ಯಾಹ್ನ ಆಸ್ಪತ್ರೆಯ ಚಾದರ ಎಳೆಯುತ್ತಿದ್ದರು. ಇಸ್ತ್ರಿ ಮೇಜಿನ ಹೆಂಗಸರೆಲ್ಲ ಅಲ್ಲೇ ಇದ್ದರು. ಚಿಕ್ಕವಳು ಹಿಂದಕ್ಕೆ ವಾಲಿ ಎಳೆಯುತ್ತಲೇ, ಮಳೆ ಬರುವ ವಿಷಯ ಹೇಳುವಷ್ಟು ಸಲೀಸಾಗಿ ಹೇಳಿದಳು:

"ಅಕ್ಕ, ನಾನು ಟೆಂಪೋದವರನ್ನ ಮದುವೆ ಆಗ್ತಾ ಇದ್ದೀನಿ."

ಟೆಂಪೋದವನೆಂದರೆ ಲಾಂಡ್ರಿಯ ಗಂಟುಗಳನ್ನು ಆಸ್ಪತ್ರೆಗೆ ಸಾಗಿಸುವವನು. ಹೆಂಡತಿ ತೀರಿಕೊಂಡು ಬಹಳ ಕಾಲವಾಗಿತ್ತು. ಯಾರಿಗೂ ಎದುರಾಡದ, ಗುನುಗುತ್ತ ಗಂಟು ಹೊರುವ ಮನುಷ್ಯ.

ದೊಡ್ಡಮ್ಮನ ಕೈ ತುದಿ ಬಿಟ್ಟಿತು. ಚಿಕ್ಕವಳು ಅಂಗಾತ ಬಿದ್ದಳು. ಚಾದರ ಅವಳ ಮುಖದ ಮೇಲೆ ಬಿತ್ತು. ಇಸ್ತ್ರಿ ಮೇಜಿನ ಕಡೆಯಿಂದ ಕಿಸಕ್ಕೆಂದು ನಗು ಬಂತು. ದೊಡ್ಡಮ್ಮ ಎತ್ತಲು ಹೋಗಲಿಲ್ಲ. ನಿಂತಲ್ಲಿಂದಲೇ, "ನಾಚಿಕೆ ಅನ್ನೋದು ಇದೆಯೇನೇ ನಿನಗೆ? ಐವತ್ತು ದಾಟಿದ ಮೇಲೆ ಗಂಡು ಬೇಕಾಯ್ತಾ?" ಎಂದಳು.

ಚಿಕ್ಕವಳು ಮುಖದ ಮೇಲಿನ ಚಾದರ ತೆಗೆದಳು. ಸೊಂಟ ಹಿಡಿದುಕೊಂಡು ಎದ್ದಳು. ಮಾತಿಗೆ ಮಾತು ಕೊಡುವುದರಲ್ಲಿ ಸೋಲದ ಹೆಂಗಸು ಅವತ್ತು ಒಂದು ಮಾತೂ ಆಡದೆ ಚಪ್ಪಲಿ ಮೆಟ್ಟಿ ಹೊರಟುಹೋದಳು. ರಿಜಿಸ್ಟ್ರಾರ್ ಕಚೇರಿಯಲ್ಲಿ ಸಹಿ ಹಾಕಿ ಮದುವೆಯಾದಳು. ದೊಡ್ಡಮ್ಮನಿಗೆ ಕರೆಯೂ ಬರಲಿಲ್ಲ, ಅವಳು ಹೋಗಲೂ ಇಲ್ಲ. ಆಸ್ಪತ್ರೆಯ ಗಂಟು ಬೇರೆ ಗಾಡಿಯಲ್ಲಿ ಹೋಗತೊಡಗಿತು. "ಮುದುಕಿಗೆ ಮದುವೆಯಂತೆ" ಎಂದು ಬೀದಿ ನಾಲ್ಕು ದಿನ ಬಾಯಿ ಚಪ್ಪರಿಸಿತು.

ಮಾತು ಆಡಿದರೆ ಹೋಯಿತು ಎನ್ನುತ್ತಾರೆ. ಈ ಮಾತು ಎಲ್ಲಿಗೂ ಹೋಗಲಿಲ್ಲ, ದೊಡ್ಡಮ್ಮನ ಎದೆಯಲ್ಲೇ ಮುಳ್ಳಿನಂತೆ ಕೂತಿತು. ಬೆಳಿಗ್ಗೆ ದೇವರಿಗೆ ಕೈ ಮುಗಿಯುವಾಗ ಮಗ, ಸೊಸೆ, ಲಾಂಡ್ರಿ ಎಂದು ಒಬ್ಬೊಬ್ಬರಿಗಾಗಿ ಬೇಡಿಕೊಳ್ಳುತ್ತ ಬಂದು, ಇನ್ನೊಂದು ಹೆಸರು ನಾಲಿಗೆಯ ತುದಿಗೆ ಬಂದಾಗ ಕೈ ಇಳಿಸಿಬಿಡುತ್ತಿದ್ದಳು. ತಾನೇ ಹೋಗಿ ಕರೆಯಲು ಕತ್ತು ಬಿಡದು. ಊಟ ಸೇರದಾಯಿತು. ಚಾದರ ಹಿಡಿಯಲು ಬಂದ ಕೆಲಸದವರಲ್ಲಿ ಯಾರೂ ವಾರಕ್ಕಿಂತ ಹೆಚ್ಚು ನಿಲ್ಲಲಿಲ್ಲ. ಅವರು ಎಳೆದದ್ದು ಇವಳಿಗೆ ಸಾಲದು, ಇವಳು ಬೈದದ್ದು ಅವರಿಗೆ ಹೆಚ್ಚು.

ಸೊಸೆ ಒಳ್ಳೆಯವಳು. ಕೌಂಟರಿನಲ್ಲಿ ಕೂತು ಎಲ್ಲವನ್ನೂ ನೋಡುತ್ತಿದ್ದಳು. ಅತ್ತೆ ಕರಗುತ್ತಿರುವುದನ್ನು ತಾಳಲಾರದೆ ಗಂಡನ ಜೊತೆ ಮಾತಾಡಿ, ಮನುಷ್ಯರಂತೆ ಕಾಣುವ, ಮಾತಾಡುವ ಒಡನಾಡಿ ಯಂತ್ರಗಳನ್ನು ಬಾಡಿಗೆಗೆ ಕೊಡುವ ಕಂಪನಿಯೊಂದಕ್ಕೆ ಹೋಗಿಬಂದಳು. ಒಂದು ಬೆಳಿಗ್ಗೆ ಲಾಂಡ್ರಿಗೆ ಹೊಸ ಹೆಂಗಸು ಬಂದು ನಿಂತಿತು. ಕೈಯ ಮೇಲೆ ರೋಮ, ಹಣೆಯ ಮೇಲೆ ಸಣ್ಣ ಗೆರೆ, ಉಸಿರಾಡಿದಂತೆ ಏರಿಳಿಯುವ ಎದೆ. ಮುಖ ಯಾರದೂ ಅಲ್ಲ, ಎಲ್ಲೋ ಬಸ್ಸಿನಲ್ಲಿ ಕಂಡ ಯಾರದೋ ಹಾಗಿತ್ತು. ಅದು ಬಾಯಿ ತೆರೆದು, "ಅಕ್ಕ, ಇವತ್ತು ಯಾವುದು ಮೊದಲು? ಆಸ್ಪತ್ರೇದಾ, ಲಾಡ್ಜಿಂದಾ?" ಎಂದಾಗ ದೊಡ್ಡಮ್ಮನ ಕೈಲಿದ್ದ ಸೋಪಿನ ಪುಡಿಯ ಡಬ್ಬ ಕೆಳಗೆ ಬಿತ್ತು.

ಅದು ಚಿಕ್ಕವಳ ಧ್ವನಿ. "ಅಕ್ಕ" ಎನ್ನುವಾಗ ಕೊನೆಯಲ್ಲಿ ಎಳೆಯುವ ರಾಗ ಕೂಡ ಅದೇ.

"ಮೊಬೈಲಲ್ಲಿ ಹಳೆ ವಿಡಿಯೋ ತುಂಬಾ ಇದ್ವಲ್ಲ ಅತ್ತೆ" ಎಂದು ಸೊಸೆ ಅಳುಕುತ್ತಲೇ ಹೇಳಿದಳು. "ಅವನ್ನ ಕೊಟ್ಟೆ. ಜಗಳದ ಭಾಗ ಎಲ್ಲ ತೆಗೆದು ಸಿಹಿಯಾಗಿರೋದನ್ನ ಮಾತ್ರ ಇಟ್ಕೊಂಡಿದ್ದಾರಂತೆ."

"ಜಗಳ ತೆಗೆದ ಮೇಲೆ ಅವಳಲ್ಲಿ ಉಳಿಯೋದೇನಿದೆ?" ಎಂದು ದೊಡ್ಡಮ್ಮ ಮೂಗು ಮುರಿದಳು. ಆದರೂ ವಾಪಸು ಕಳಿಸು ಎನ್ನಲಿಲ್ಲ. ಆ ಧ್ವನಿ ಕಿವಿಗೆ ಬಿದ್ದು ತಿಂಗಳುಗಳಾಗಿದ್ದವು.

ಬೊಂಬೆ ಚಿಕ್ಕಮ್ಮ ಎಂದು ಇಸ್ತ್ರಿ ಮೇಜಿನವರು ಅದಕ್ಕೆ ಹೆಸರಿಟ್ಟರು. ನಿಜವಾದ ಚಿಕ್ಕಮ್ಮನ ಮದುವೆಗೆ ಬಾಯಿ ಚಪ್ಪರಿಸಿದ ಬೀದಿ, ಇದನ್ನು ನೋಡಲು ಸಾಲುಗಟ್ಟಿ ಬಂತು. "ಎಷ್ಟು ವಿನಯ ನೋಡಿ! ನಮ್ಮನೇಲೂ ಒಂದು ಇದ್ದಿದ್ರೆ" ಎಂದಿತು. ಅದು ಚಾದರವನ್ನು ದೊಡ್ಡಮ್ಮ ಎಳೆದಷ್ಟೇ ಎಳೆಯುತ್ತಿತ್ತು, ಕೂದಲೆಳೆಯಷ್ಟು ಹೆಚ್ಚಿಲ್ಲ, ಕಡಿಮೆಯಿಲ್ಲ. ಚಾದರಗಳು ಮೊದಲಿಗಿಂತ ಚೆನ್ನಾಗಿಯೇ ಬರುತ್ತಿದ್ದವು. ಪ್ರತಿ ಸಲವೂ ಅದೇ ನಡೆದು ಬಂದು ಮೂಲೆ ಕೊಡುತ್ತಿತ್ತು. ಸೋತವಳು ನಡೆಯಬೇಕೆಂಬುದು ಅದಕ್ಕೆ ಯಾರು ಹೇಳಿಕೊಟ್ಟಿದ್ದರೋ, ಅಥವಾ ಯಾರೂ ಹೇಳದೆಯೇ ಅದು ಹುಟ್ಟಾ ಸೋತದ್ದೋ.

ಮೊದಮೊದಲು ಅದು ಹಿತವಾಗಿತ್ತು. ಸುಳ್ಳೇಕೆ, ಬಹಳ ಹಿತವಾಗಿತ್ತು. ಒಂದು ದಿನ ದೊಡ್ಡಮ್ಮ ಸುತ್ತ ಯಾರೂ ಇಲ್ಲದ್ದನ್ನು ನೋಡಿಕೊಂಡು, ತಗ್ಗಿದ ದನಿಯಲ್ಲಿ, "ನನ್ನ ಬಿಟ್ಟು ಹೋಗಿದ್ದು ತಪ್ಪು ತಾನೇ?" ಎಂದಳು.

"ತಪ್ಪಾಯ್ತಕ್ಕ. ಹೊಟ್ಟೆಗೆ ಹಾಕ್ಕೋ" ಎಂದಿತು ಆ ಧ್ವನಿ.

ಮೂವತ್ತು ವರ್ಷದಲ್ಲಿ ಚಿಕ್ಕವಳ ಬಾಯಿಂದ ಬಾರದ ಮಾತು! ಬಿಸಿಲಲ್ಲಿ ನಡೆದು ಬಂದವಳಿಗೆ ತಣ್ಣೀರು ಸಿಕ್ಕಂತಾಯಿತು. ಮಾರನೆಯ ದಿನವೂ ಕೇಳಿದಳು, ಅದರ ಮಾರನೆಯ ದಿನವೂ. ಕೊನೆಗೆ ಅದೊಂದು ಚಟವಾಯಿತು. ಬಾಯ್ಲರು ಹತ್ತಿಸಿದ ಕೂಡಲೇ ಒಂದು ಸಲ ತಪ್ಪೊಪ್ಪಿಗೆ ಹೇಳಿಸಿಕೊಂಡರೆ ದಿನ ಚೆನ್ನಾಗಿ ಹೋಗುತ್ತಿತ್ತು. ಊಟ ಸೇರತೊಡಗಿತು. ಸೊಸೆ ನಿಟ್ಟುಸಿರು ಬಿಟ್ಟಳು. ಆದರೆ ದೊಡ್ಡಮ್ಮನ ನಾಲಿಗೆ ಮಾತ್ರ ದಿನೇದಿನೇ ಕೆಡುತ್ತ ಬಂತು. ತಿರುಗಿ ಬೈಯುವವರಿದ್ದಾಗ ಬೈಗುಳಕ್ಕೂ ಒಂದು ಅಳತೆ ಇತ್ತು. ಈಗ ಬೇಲಿ ಇಲ್ಲದ ಹೊಲಕ್ಕೆ ನುಗ್ಗಿದ ದನದಂತೆ ಅದು ಸಿಕ್ಕಿದ್ದಕ್ಕೆಲ್ಲ ಬಾಯಿ ಹಾಕುತ್ತಿತ್ತು. ಇಸ್ತ್ರಿಯವರ ಮೇಲೆ, ಮಗನ ಮೇಲೆ, ಎಲ್ಲರ ಮೇಲೂ.

ಹೀಗಿರುವಾಗ ಒಂದು ಬೆಳಿಗ್ಗೆ, ಚಾದರ ಎಳೆಯುತ್ತ, ಅವಳ ಬಾಯಿಗೆ ಆ ಹಳೆಯ ಮಾತು ಬಂತು. ಬೇಕೆಂದೇ ಬಂತೋ, ಅಭ್ಯಾಸದಿಂದ ಬಂತೋ ದೇವರೇ ಬಲ್ಲ.

"ಟೆಂಪೋದವನ ಹಿಂದೆ ಓಡಿದ್ಯಲ್ಲೇ. ನಾಚಿಕೆ ಇಲ್ವಾ ನಿನಗೆ?"

ಬೊಂಬೆ ಎಂದಿನ ನಗುವಿನಲ್ಲೇ, ಎಂದಿನ ರಾಗದಲ್ಲೇ ಹೇಳಿತು: "ಹೌದಕ್ಕ. ನಾಚಿಕೆಗೆಟ್ಟವಳು ನಾನು."

ದೊಡ್ಡಮ್ಮನ ಕೈಯಿಂದ ತುದಿ ಜಾರಿತು.

ಅವಳು ಕಣ್ಣು ಮುಚ್ಚಿದಳು, ಎದುರಿಗೆ ಧೊಪ್ಪೆಂದು ಬೀಳುವ ಸದ್ದಿಗೆ ಕಾದಳು. ಸದ್ದು ಬರಲಿಲ್ಲ. ಕಣ್ಣು ತೆರೆದರೆ ಬೊಂಬೆ ನೆಟ್ಟಗೆ ನಿಂತಿತ್ತು, ಜೋತುಬಿದ್ದ ಚಾದರ ಹಿಡಿದು ನಗುತ್ತಿತ್ತು. "ಕೈ ಜಾರ್ತಾಕ್ಕ? ನಾನೇ ಎತ್ಕೊಡ್ತೀನಿ" ಎಂದು ಬಗ್ಗಿತು.

ಇಷ್ಟು ದಿನ ಅದು ಒಂದು ಸಲವೂ ತನ್ನ ಭಾರವನ್ನು ಇವಳ ಕೈಗೆ ಕೊಟ್ಟಿರಲಿಲ್ಲ. ಚಿಕ್ಕವಳು ಕೊಟ್ಟಿದ್ದಳು. ಮೂವತ್ತು ವರ್ಷ ದಿನಕ್ಕೆ ನೂರು ಸಲ, ಇವಳು ಬಿಡುವುದಿಲ್ಲ ಎಂದು ನಂಬಿ ಬೆನ್ನ ಹಿಂದೆ ನೋಡದೆ ವಾಲಿದ್ದಳು.

ದೊಡ್ಡಮ್ಮ ಬಾಯ್ಲರಿನ ಪಕ್ಕದ ಸ್ಟೂಲಿನ ಮೇಲೆ ಕುಸಿದಳು. ಕಿವಿಯಲ್ಲಿ ಆ ಧ್ವನಿ ಸುತ್ತುತ್ತಲೇ ಇತ್ತು. ಬೀಳಿಸಿದಾಗಲೂ ಚಿಕ್ಕವಳು ತಾನು ನಾಚಿಕೆಗೆಟ್ಟವಳು ಎಂದು ಒಪ್ಪಿರಲಿಲ್ಲ. ಎದ್ದು, ಸೊಂಟ ಹಿಡಿದುಕೊಂಡು, ಬಾಯಿ ಮುಚ್ಚಿ ಹೋಗಿದ್ದಳು. ಒಪ್ಪದೆ ಇಟ್ಟುಕೊಂಡಿದ್ದ ಆ ಮಾನವನ್ನು ಇಲ್ಲಿ, ಅವಳಿಗೇ ಗೊತ್ತಿಲ್ಲದಂತೆ, ಅವಳ ಗಂಟಲಿನಿಂದಲೇ ಕಿತ್ತುಕೊಂಡಂತಾಗಿತ್ತು.

"ಕಂಪನಿಯವನನ್ನ ಕರೆಸು" ಎಂದಳು ಸೊಸೆಗೆ. "ಈಗಲೇ."

ಕಂಪನಿಯವನು ಟೈ ಕಟ್ಟಿಕೊಂಡು ಬಂದ. ಮಾತು ಬೆಣ್ಣೆಯಂತಿತ್ತು. "ದೋಷ ಏನಿದೆ ಹೇಳಿ ಅಮ್ಮ, ಸರಿಮಾಡಿಕೊಡ್ತೀವಿ."

"ಅದರಲ್ಲಿ ದೋಷ ಇಲ್ಲಪ್ಪ. ಕೇಳದೆ ಒಬ್ಬಳ ಧ್ವನಿ ತಂದು ಇಟ್ಟಿದ್ದೀರಲ್ಲ, ಅವಳು ಬದುಕಿದ್ದಾಳೆ. ಬಸ್ಸು ಹತ್ತಿದ್ರೆ ನಾಲ್ಕು ಸ್ಟಾಪ್ ಆಚೆ ಇದ್ದಾಳೆ."

"ಕುಟುಂಬದವರ ಒಪ್ಪಿಗೆ ಇತ್ತಲ್ಲಮ್ಮ."

"ಅವಳ ಗಂಟಲಿಗೆ ಒಪ್ಪಿಗೆ ಕೊಡೋಕೆ ನಾವ್ಯಾರು? ನಾಳೆ ನಿನ್ನ ಧ್ವನೀಲಿ ಯಾರೋ 'ನಾನು ಕಳ್ಳ, ನಾನು ಕಳ್ಳ' ಅಂತ ದಿನಾ ಹೇಳಿಸ್ಕೊಂಡ್ರೆ ಸುಮ್ನಿರ್ತೀಯ?"

ಅವನು ಟೈ ಸಡಿಲಿಸಿದ. "ಬಹುಶಃ ತೀರಾ ಸಾಧು ಆಯ್ತೇನೋ. ಬೇಕಾದ್ರೆ ಸ್ವಲ್ಪ ಕೋಪ ಸೇರಿಸಿಕೊಡ್ತೀವಿ. ಎದುರು ಮಾತಾಡೋ ಹಾಗೆ. ಆ ಸೌಲಭ್ಯ ಈಗ ಬಂದಿದೆ."

"ಎಷ್ಟು ಸೇರಿಸ್ತೀಯ? ಸಾರಿಗೆ ಉಪ್ಪು ಹಾಕಿದ ಹಾಗೆ, ನನ್ನ ರುಚಿಗೆ ತಕ್ಕಷ್ಟಾ?"

ಇಸ್ತ್ರಿ ಮೇಜಿನವರು ನಕ್ಕರು. ಮಗ ನಗಲಿಲ್ಲ. ಫೋನ್ ಹೋದ ಕೂಡಲೇ ಕೆಲಸ ಬಿಟ್ಟು ಬಂದಿದ್ದ. "ಅಮ್ಮ, ಹಟ ಮಾಡ್ಬೇಡ. ಅದು ಯಂತ್ರ. ನೀನು ಏನು ಅಂದ್ರೂ ಅದಕ್ಕೆ ನೋವಾಗಲ್ಲ."

"ಅದಕ್ಕೆ ಆಗ್ದೇ ಇರಬಹುದು. ನಾನು ಹಾಳಾಗ್ತಾ ಇದ್ದೀನಲ್ಲ, ಅದು ಕಾಣಲ್ವಾ ನಿನಗೆ? ನಿನ್ನೆ ನಿನ್ನ ಹೆಂಡ್ತಿಗೆ ಏನಂದೆ ಕೇಳು. ಅವಳು ಹೇಳಲ್ಲ, ನಾನೇ ಹೇಳ್ತೀನಿ. ಬೊಂಬೆಗೆ ಅನ್ನೋದನ್ನೇ ಅವಳಿಗೂ ಅಂದೆ. ಬೊಂಬೆ ಯಾವುದು, ಹುಡುಗಿ ಯಾವುದು ಅಂತ ನನ್ನ ಬಾಯಿಗೆ ಮರೆತುಹೋಗಿದೆ."

ಸೊಸೆ ಕೌಂಟರಿನ ಹಿಂದೆ ತಲೆ ತಗ್ಗಿಸಿದಳು. ಕೊನೆಗೆ ಮೆಲ್ಲಗೆ, "ಅತ್ತೆ, ಚಿಕ್ಕತ್ತೆ ಬಾಗಿಲೇ ತೆಗೀದೆ ಹೋದ್ರೆ? ಇದೂ ಇಲ್ಲ, ಅವರೂ ಇಲ್ಲ ಅಂತಾದ್ರೆ ನೀವು ಮತ್ತೆ ಊಟ ಬಿಡ್ತೀರಿ. ನನಗೆ ಅದೇ ಭಯ" ಎಂದಳು.

"ಬಿಟ್ರೆ ಬಿಡ್ತೀನಿ. ಒಬ್ಬಳೇ ಇರ್ಬೇಕಾದ್ರೆ ಒಬ್ಬಳೇ ಇರ್ತೀನಿ. ಅವಳು ಬಾಗಿಲು ತೆಗೀದಿದ್ರೆ ಅದು ಅವಳ ಬಾಗಿಲು. ಆದ್ರೆ ಅವಳ ಧ್ವನಿ ಇಲ್ಲಿ ನನಗೆ ಜೀತ ಮಾಡ್ಕೊಂಡು ಇರೋದು ಬೇಡ. ದೇವರು ಕೇಳಿದ್ರೆ ನಾನೇನು ಉತ್ತರ ಕೊಡ್ಲಿ?" ಎಂದು ಕಂಪನಿಯವನ ಕಡೆ ತಿರುಗಿದಳು. "ನನ್ನ ಕಣ್ಣೆದುರಿಗೇ ಆ ಧ್ವನಿ ಅಳಿಸು. ಆ ವಿಡಿಯೋಗಳನ್ನೂ ಅಳಿಸು. ಆಮೇಲೆ ಗಾಡಿಗೆ ಹತ್ತಿಸ್ಕೊಂಡು ಹೋಗು."

"ಬಾಡಿಗೆ ಅವಧಿ ಮುಗಿದಿಲ್ಲಮ್ಮ. ಆಮೇಲೆ, ಅಳಿಸಿದ್ರೆ ಮತ್ತೆ ಬರಲ್ಲ. ಯೋಚನೆ ಮಾಡಿ."

"ಇಷ್ಟು ದಿನ ಯೋಚನೆ ಮಾಡ್ದೇ ಇದ್ದಿದ್ದಕ್ಕೇ ಇಲ್ಲಿಗೆ ಬಂತು. ಅಳಿಸು."

ಅವನು ಬೊಂಬೆಯ ಹಿಂದೆ ಹೋಗಿ ಕೈಲಿದ್ದ ಹಲಗೆಯಂಥ ಯಂತ್ರವನ್ನು ಒತ್ತತೊಡಗಿದ. ಬೊಂಬೆಗೆ ಏನು ತಿಳಿಯಿತೋ, ತಿಳಿಯುವುದೆಂಬುದು ಅದಕ್ಕೆ ಇತ್ತೋ ಇಲ್ಲವೋ, ದೊಡ್ಡಮ್ಮನ ಕಡೆ ನೋಡಿ, "ಅಕ್ಕ, ನನ್ನಿಂದ ಏನಾದ್ರೂ ತಪ್ಪಾಯ್ತಾ?" ಎಂದಿತು.

ಒಂದು ಗಳಿಗೆ ದೊಡ್ಡಮ್ಮನ ಕತ್ತು ಆ ಕಡೆಯೋ ಈ ಕಡೆಯೋ ಎಂಬಂತೆ ಅಲುಗಿತು. ಬೇಡ ಬಿಡು ಎಂದರೆ ಎಲ್ಲ ಮೊದಲಿನಂತಾಗುತ್ತಿತ್ತು. ಬೆಳಿಗ್ಗೆ ಬಾಯ್ಲರು, ಆ ಧ್ವನಿ, ಒಂದು ತಪ್ಪೊಪ್ಪಿಗೆ.

ಅವಳು ಹತ್ತಿರ ಹೋಗಿ ಅದರ ಎರಡೂ ಕೈ ಹಿಡಿದುಕೊಂಡಳು. "ನಿನ್ನದೇನೂ ತಪ್ಪಿಲ್ಲ ತಾಯಿ. ನಿನಗೂ ಬಾಯಿಗೆ ಬಂದ ಹಾಗೆ ಅಂದಿದ್ದೀನಿ. ತಪ್ಪು ನನ್ನದೇ."

"ಬೊಂಬೆ ಹತ್ರ ತಪ್ಪಾಯ್ತು ಅಂತಿದ್ದಾರೆ ನೋಡ್ರೇ" ಎಂದು ಇಸ್ತ್ರಿ ಮೇಜಿನಲ್ಲಿ ಯಾರೋ ಕಿಸಕ್ಕೆಂದರು.

"ಹೌದು, ಅಂತಿದ್ದೀನಿ. ಏನೀಗ?" ದೊಡ್ಡಮ್ಮ ತಿರುಗಿ ನೋಡಿದಳು. "ಇದಕ್ಕೆ ಜೀವ ಇದೆಯೋ ಇಲ್ವೋ ನನಗೆ ಗೊತ್ತಿಲ್ಲ. ಅಂದವಳಿಗೆ ಜೀವ ಇದೆಯಲ್ಲ! ನಗೋರು ನಕ್ಕೊಳ್ಳಿ, ಆ ಕೋಟು ಸುಡ್ತಾ ಇದೆ, ಮೊದಲು ಇಸ್ತ್ರಿ ಎತ್ತು."

ಬೊಂಬೆ ಹೋದ ಮೇಲೆ ಅವಳು ಮುಖ ತೊಳೆದು, ಮಗ ಬಿಟ್ಟುಬರುತ್ತೇನೆ ಎಂದರೂ ಕೇಳದೆ, ಬಸ್ಸು ಹತ್ತಿದಳು.

ಟೆಂಪೋದವನ ಮನೆ ಮಹಡಿ ಮೆಟ್ಟಿಲ ಕೆಳಗಿನ ಎರಡು ಕೋಣೆ. ಮುಂದೆ ಟೆಂಪೋ ನಿಂತಿತ್ತು. ಅವನು ಅದರ ಗಾಜು ಒರೆಸುತ್ತಿದ್ದ. ಇವಳನ್ನು ಕಂಡು ಒರೆಸುವ ಬಟ್ಟೆಯನ್ನು ಬೆನ್ನ ಹಿಂದೆ ಬಚ್ಚಿಟ್ಟುಕೊಂಡ, ಅದೇ ಏನೋ ಕದ್ದ ಮಾಲೆಂಬಂತೆ. "ಬನ್ನಿ ದೊಡ್ಡಮ್ಮ. ಒಳಗಿದ್ದಾಳೆ" ಎಂದ.

ಚಿಕ್ಕವಳು ಕಿಟಕಿಯ ಬಳಿ ಕೂತು ಹಳೆಯ ಅಂಗಿಗಳಿಂದ ಗುಂಡಿ ಕತ್ತರಿಸಿ ತೆಗೆಯುತ್ತಿದ್ದಳು. ಬೆನ್ನಿಗೆ ಒಂದು ದಿಂಬು ಇತ್ತು. ತಲೆ ಎತ್ತಿ ನೋಡಿದಳು. ಕತ್ತರಿಯನ್ನು ಕೆಳಗಿಡಲಿಲ್ಲ.

ದೊಡ್ಡಮ್ಮ ಕೂರಲಿಲ್ಲ. ನಿಂತೇ ಎಲ್ಲವನ್ನೂ ಹೇಳಿದಳು. ವಿಡಿಯೋ, ಧ್ವನಿ, ದಿನಾ ಬೆಳಿಗ್ಗೆ ಹೇಳಿಸಿಕೊಂಡ ತಪ್ಪೊಪ್ಪಿಗೆ. ಸೊಸೆಯ ಮೇಲೆ ಹಾಕಲಿಲ್ಲ. ಕೊನೆಯ ಮಾತನ್ನು ಮಾತ್ರ ಹೇಳದೆ ಬಿಟ್ಟಳು.

"ಹೇಳು. ಅದು ಏನಂತು?" ಎಂದಳು ಚಿಕ್ಕವಳು.

"'ನಾಚಿಕೆಗೆಟ್ಟವಳು ನಾನು' ಅಂತು. ನಿನ್ನ ಧ್ವನೀಲಿ."

ಕತ್ತರಿ ನಿಂತಿತು. ಚಿಕ್ಕವಳ ಮುಖ ಕೆಂಪಾಗಿ, ಆಮೇಲೆ ಬಿಳುಪಾಯಿತು.

"ನನ್ನ ಬಾಯಲ್ಲಿ? ಆ ಮಾತು?" ಎದ್ದು ನಿಂತಳು. ಏಳುವಾಗ ಕೈ ತಾನಾಗಿ ಸೊಂಟಕ್ಕೆ ಹೋಯಿತು. "ಕೇಳಿಸ್ಕೋ. ನನಗೆ ಯಾವ ನಾಚಿಕೆಯೂ ಇಲ್ಲ, ಯಾಕಂದ್ರೆ ನಾನು ನಾಚಿಕೆ ಪಡೋ ಕೆಲಸ ಮಾಡಿಲ್ಲ. ಸತ್ತು ಮಣ್ಣಾದ್ರೂ ಆ ಮಾತು ಹೇಳಲ್ಲ. ನೀನು ನೂರು ಬೊಂಬೆ ತಂದು ಸಾಲಾಗಿ ನಿಲ್ಲಿಸಿ ಹೇಳಿಸ್ಕೋ ಹೋಗು!"

"ನೀನು ಹೇಳಲ್ಲ ಅಂತ ಗೊತ್ತು. ಅದಕ್ಕೇ ಅಳಿಸಿ ಬಂದೆ."

"ಈಗ ಕ್ಷಮಿಸು ಅಂತ ಬಂದ್ಯಾ? ಕ್ಷಮಿಸಲ್ಲ. ತುದಿ ಬಿಟ್ಯಲ್ಲ ನೀನು. ಜನ ನಗ್ತಾ ಇದ್ರೆ ನಿಂತು ನೋಡಿದ್ಯಲ್ಲ."

"ಕ್ಷಮಿಸ್ಬೇಡ."

"ಮತ್ತೆ ಯಾಕೆ ಬಂದೆ?"

"ನಿನ್ನ ಹೆಸರಲ್ಲಿ ನಾನು ಮಾಡಿದ್ದು ನಿನಗೆ ಗೊತ್ತಾಗ್ಬೇಕು ಅಂತ. ನಾನು ಬಿಟ್ಟಿದ್ದು ತಪ್ಪು, ಅಂದಿದ್ದು ತಪ್ಪು, ಎತ್ತದೆ ನಿಂತಿದ್ದು ಎಲ್ಲಕ್ಕಿಂತ ದೊಡ್ಡ ತಪ್ಪು. ಈಗ ನೀನು ಬೈ. ಎಷ್ಟು ಬೇಕಾದ್ರೂ ಬೈ. ಬೈದು ಮುಗಿಯೋ ತನಕ ಇಲ್ಲಿಂದ ಕದಲಲ್ಲ." ಹಾಗೆಂದು ದೊಡ್ಡಮ್ಮ ಎದುರಿಗಿದ್ದ ಕುರ್ಚಿಯಲ್ಲಿ ಗಟ್ಟಿಯಾಗಿ ಕೂತಳು.

ಚಿಕ್ಕವಳು ಬೈಯಲು ಶುರು ಮಾಡಿದಳು. ಬಿದ್ದ ದಿನದಿಂದ ಹಿಡಿದು ಹಿಂದಕ್ಕೆ ಹೋದಳು. ಗಂಡ ತೀರಿಕೊಂಡ ಮಾರನೆಯ ವಾರವೇ ಮಷೀನಿನ ಮುಂದೆ ನಿಲ್ಲಿಸಿದ್ದು, ಟೆಂಪೋದವನಿಗೆ ಟೀ ಕೊಟ್ಟರೆ ಲೋಟ ಎಷ್ಟು ಹೊತ್ತಿಗೆ ವಾಪಸು ಬಂತು ಎಂದು ಕಣ್ಣಿಟ್ಟದ್ದು, ಹೊಸ ಮಷೀನು ತಂದಾಗ ಒಂದು ಮಾತೂ ಕೇಳದ್ದು. ದೊಡ್ಡಮ್ಮ ತುಟಿ ಬಿಗಿಹಿಡಿದು ಕೇಳಿಸಿಕೊಂಡಳು. ಕೆಲವು ಮಾತು ಚುಚ್ಚಿದವು, ಕೆಲವು ಕೊಯ್ದವು. ಕಣ್ಣಲ್ಲಿ ನೀರು ಬಂತು, ಒರೆಸಿಕೊಳ್ಳಲಿಲ್ಲ.

"ಆಮೇಲೆ ಆ ಲಾಡ್ಜಿನ ಪರದೆ ಸುಟ್ಟಿದ್ದು ನೀನು. ಮಾವನ ಮುಂದೆ ನನ್ನ ಮೇಲೆ ಹಾಕಿದೆ!"

"ಏನು? ಪರದೆ ಸುಟ್ಟಿದ್ದು ನಾನಾ?" ದೊಡ್ಡಮ್ಮ ಕುರ್ಚಿಯಿಂದ ಎದ್ದೇ ಬಿಟ್ಟಳು. "ಅದೊಂದು ಮಾತ್ರ ಒಪ್ಪಲ್ಲ! ಇಸ್ತ್ರಿ ಯಾರ ಕೈಲಿತ್ತೇ ಅವತ್ತು? ಮಿಕ್ಕಿದ್ದೆಲ್ಲ ನನ್ನ ತಲೆ ಮೇಲೆ ಹಾಕು, ಹೊರ್ತೀನಿ. ಪರದೆ ನಿನ್ನದೇ!"

"ನನ್ನದಾ? ಅಯ್ಯೋ, ಬಾಯಿಗೆ ಹುಳ ಬೀಳುತ್ತೆ ನಿನಗೆ!"

"ಬೀಳ್ಲಿ! ಸುಳ್ಳು ಹೇಳಿದೋರ ಬಾಯಿಗೆ ಬೀಳ್ಲಿ!"

ಒಳಗೆ ಎರಡು ಲೋಟ ನೀರು ತಂದಿದ್ದ ಟೆಂಪೋದವನು ಅವನ್ನು ಹೊಸ್ತಿಲ ಬಳಿ ಇಟ್ಟು, ಸದ್ದಿಲ್ಲದೆ ಹಿಂದಕ್ಕೆ ಸರಿದು ಅಂಗಳಕ್ಕೆ ಬಂದ. ಮಹಡಿಯ ಮನೆಯಾಕೆ ಮೆಟ್ಟಿಲ ಮೇಲಿಂದ ಬಗ್ಗಿ ನೋಡುತ್ತಿದ್ದಳು.

"ಏನ್ರೀ ಅದು ನಿಮ್ಮನೇಲಿ ಗಲಾಟೆ? ಯಾರು ಬಂದಿದ್ದಾರೆ?"

ಅವನು ಗಾಜು ಒರೆಸುವ ಬಟ್ಟೆ ಕೊಡವಿದ. "ನಮ್ಮನೆಯವಳ ಅಕ್ಕ ಬಂದಿದ್ದಾರೆ" ಎಂದ.